ಚೆಂಡಿಲ್ಲದವನ ಡಂಕ್

ಬ್ಯಾಸ್ಕೆಟ್‌ಬಾಲಿನಲ್ಲಿ ಒಂದು ಡಂಕ್‌ಗೆ ಸಿಗುವುದು ಎರಡೇ ಅಂಕ. ರಿಂಗಿನ ಪಕ್ಕ ನಿಂತು ಬೋರ್ಡಿಗೆ ಮೆಲ್ಲಗೆ ತಾಗಿಸಿ ಹಾಕಿದರೂ ಎರಡೇ. ಆದರೆ ಹತ್ತು ಅಡಿ ಎತ್ತರದ ರಿಂಗನ್ನು ದಾಟಿ ಕೈ ಮೇಲೆ ಹೋಗಿ, ಚೆಂಡನ್ನು ಮೇಲಿನಿಂದ ಒಳಕ್ಕೆ ಅಪ್ಪಳಿಸಿದಾಗ ಇಡೀ ಕ್ರೀಡಾಂಗಣ ಎದ್ದು ನಿಲ್ಲುತ್ತದೆ. ದಶಕಗಳಿಂದ ಈ ಆಟವನ್ನು ಹಚ್ಚಿಕೊಂಡಿರುವ ನಾನು ಅಂಥ ಡಂಕ್‌ಗಳನ್ನು ಅಂಗಳದಲ್ಲಿ, ಟೀವಿಯಲ್ಲಿ, ಮಕ್ಕಳ ವಿಡಿಯೊ ಗೇಮಿನಲ್ಲಿ ಲೆಕ್ಕವಿಲ್ಲದಷ್ಟು ನೋಡಿದ್ದೇನೆ. ಹೆಚ್ಚಿನವು ಮರುದಿನಕ್ಕೇ ಮರೆತುಹೋದವು. ಉಳಿದವು ಬೆರಳೆಣಿಕೆಯಷ್ಟು. ಅವೇ ಯಾಕೆ ಉಳಿದವು ಎಂದು ಹುಡುಕುತ್ತ ಹೋದರೆ ನನ್ನ ಬದುಕಿನ ಬಹುಭಾಗವೂ ಜೊತೆಗೇ ಬಿಚ್ಚಿಕೊಳ್ಳುತ್ತದೆ.

ಮೈಸೂರಿನಲ್ಲಿ ನಾನು ಆಡಿದ್ದು ಕಾಲೇಜಿನ ಸಿಮೆಂಟು ಕೋರ್ಟಿನಲ್ಲಿ. ಪ್ರಾಕ್ಟಿಕಲ್ಸ್ ಮುಗಿಸಿ ಬಂದು ಬೆಳಕು ಇರುವಷ್ಟು ಹೊತ್ತೂ ಆಡುತ್ತಿದ್ದೆವು. ನಮ್ಮಲ್ಲಿ ಎಲ್ಲರಿಗಿಂತ ಎತ್ತರದವನು ಓಡಿಬಂದು ಹಾರಿದರೆ ಅವನ ಬೆರಳ ತುದಿ ನೆಟ್ಟಿಗೆ ತಾಗುತ್ತಿತ್ತು, ಅಷ್ಟೇ. ಡಂಕ್ ಎಂಬುದನ್ನು ನಾವ್ಯಾರೂ ಕಣ್ಣಾರೆ ಕಂಡಿರಲಿಲ್ಲ. ನಮಗೆ ಕೋಚ್ ಕಲಿಸಿದ್ದು ಲೇ-ಅಪ್, ಚೆಸ್ಟ್ ಪಾಸ್ ಮತ್ತು ರಿಬೌಂಡಿಗೆ ಜಾಗ ಹಿಡಿಯುವುದು. ಯಾರಾದರೂ ಶಾಟ್ ಹೊಡೆದರೆ ನಾವೆಲ್ಲ ಬಾಯಿ ತೆರೆದು ಚೆಂಡನ್ನೇ ನೋಡುತ್ತ ನಿಂತುಬಿಡುತ್ತಿದ್ದೆವು. "ಹೋಗೋ ಚೆಂಡು ನೋಡ್ಬೇಡ್ರೋ, ಬೀಳೋ ಜಾಗ ನೋಡ್ರೋ" ಎಂದು ಅವರು ಗೆರೆಯಾಚೆಯಿಂದ ಕೂಗುತ್ತಿದ್ದರು. ಆ ಮಾತಿನ ಬೆಲೆ ನನಗೆ ತಿಳಿದದ್ದು ಸಮುದ್ರ ದಾಟಿದ ಮೇಲೆ.

1982ರಲ್ಲಿ ಎಂ.ಎಸ್. ಓದಲೆಂದು ರಾಲಿ ನಗರದ ನಾರ್ತ್ ಕ್ಯಾರೊಲಿನಾ ಸ್ಟೇಟ್ ವಿಶ್ವವಿದ್ಯಾಲಯಕ್ಕೆ ಬಂದೆ. ಆ ಸೀಮೆಯಲ್ಲಿ ಬ್ಯಾಸ್ಕೆಟ್‌ಬಾಲ್ ಬರೀ ಆಟವಲ್ಲ, ಊರೂರಿನ ಅಭಿಮಾನ. ರಾಲಿಯಲ್ಲಿ ನಮ್ಮ ಸ್ಟೇಟ್, ಡರಮ್‌ನಲ್ಲಿ ಡ್ಯೂಕ್, ಚಾಪೆಲ್ ಹಿಲ್‌ನಲ್ಲಿ ನಾರ್ತ್ ಕ್ಯಾರೊಲಿನಾ ವಿಶ್ವವಿದ್ಯಾಲಯ. ಮೂರೂ ಕಾರಿನಲ್ಲಿ ಅರ್ಧ ಮುಕ್ಕಾಲು ಗಂಟೆಯ ದಾರಿ. ನಾನು ಬಂದಾಗ ಎಲ್ಲರ ಬಾಯಲ್ಲೂ ಒಂದೇ ಹೆಸರು. ಆ ವರ್ಷದ ಮಾರ್ಚಿನಲ್ಲಿ ಚಾಪೆಲ್ ಹಿಲ್‌ನ ಮೊದಲ ವರ್ಷದ ಹುಡುಗನೊಬ್ಬ ಜಾರ್ಜ್‌ಟೌನ್ ವಿರುದ್ಧ ಕೊನೆಯ ಶಾಟ್ ಹಾಕಿ, 63-62ರಲ್ಲಿ ರಾಷ್ಟ್ರೀಯ ಚಾಂಪಿಯನ್‌ಶಿಪ್ ತಂದುಕೊಟ್ಟಿದ್ದ. ಅವನೇ ಮೈಕೆಲ್ ಜೋರ್ಡಾನ್.

ನಮ್ಮ ಲ್ಯಾಬಿನ ಸ್ಥಳೀಯ ಸಹಪಾಠಿಗಳಿಗೆ ಆ ಹೆಸರು ಕೇಳಿದರೆ ಆಗುತ್ತಿರಲಿಲ್ಲ. ಅವರು ನನ್ನನ್ನು ಕೂರಿಸಿಕೊಂಡು ತಮ್ಮ ಡೇವಿಡ್ ಥಾಮ್ಸನ್‌ನ ಕತೆ ಹೇಳುತ್ತಿದ್ದರು. ಎತ್ತರ ಆರು ಅಡಿ ನಾಲ್ಕು ಇಂಚು, ಹಾರಿದರೆ ಏಳು ಅಡಿಯವರಿಗೂ ಸಿಗದವನು. 1974ರಲ್ಲಿ ಸ್ಟೇಟ್ ತಂಡ ಸೆಮಿಫೈನಲ್‌ನಲ್ಲಿ ಸತತ ಏಳು ವರ್ಷದ ಚಾಂಪಿಯನ್ ಯುಸಿಎಲ್ಎಯನ್ನು ಎರಡು ಓವರ್‌ಟೈಮ್‌ಗಳ ಬಳಿಕ 80-77ರಲ್ಲಿ ಸೋಲಿಸಿ, ಆಮೇಲೆ ಪ್ರಶಸ್ತಿಯನ್ನೂ ಗೆದ್ದದ್ದು ಅವನ ಬಲದಿಂದ. ಆದರೆ ಆ ಇಡೀ ಸಾಧನೆಯಲ್ಲಿ ಒಂದೇ ಒಂದು ಡಂಕ್ ಇರಲಿಲ್ಲ. ಇರುವಂತೆಯೇ ಇರಲಿಲ್ಲ. ಯುಸಿಎಲ್ಎಯ ಲೂ ಅಲ್ಸಿಂಡರ್, ಅಂದರೆ ಮುಂದೆ ಕರೀಮ್ ಅಬ್ದುಲ್-ಜಬ್ಬಾರ್ ಆದವನು, ಮೊದಲ ಋತುವಿನಲ್ಲೇ ಎದುರಾಳಿಗಳನ್ನು ಧೂಳೀಪಟ ಮಾಡಿದ ಮೇಲೆ 1967ರಲ್ಲಿ ಕಾಲೇಜು ಆಟದಲ್ಲಿ ಡಂಕ್ ನಿಷೇಧವಾಯಿತು. ಅದು ಮತ್ತೆ ಒಳಗೆ ಬಂದದ್ದು 1976ರಲ್ಲಿ.

ಆ ನಿಷೇಧದ ನಡುವೆ ಸ್ಟೇಟ್ ತಂಡದವರು ಬೇರೆಯೇ ಒಂದು ದಾರಿ ಕಂಡುಕೊಂಡರು. ಐದು ಅಡಿ ಏಳು ಇಂಚಿನ ಮಾಂಟಿ ಟೋ ಚೆಂಡನ್ನು ರಿಂಗಿನ ಮೇಲಕ್ಕೆ ತೂರುತ್ತಿದ್ದ. ಥಾಮ್ಸನ್ ಅದನ್ನು ಗಾಳಿಯಲ್ಲೇ ಹಿಡಿದು, ಕೈ ರಿಂಗಿಗೆ ತಾಗದಂತೆ, ಚೆಂಡನ್ನು ಒಳಕ್ಕೆ ಬಿಟ್ಟು ಇಳಿಯುತ್ತಿದ್ದ. ಇವತ್ತು ಆಲಿ-ಊಪ್ ಎಂದು ಎಲ್ಲರಿಗೂ ಗೊತ್ತಿರುವ ವರಸೆ ಹೆಸರಾದದ್ದು ಹಾಗೆ. 1975ರಲ್ಲಿ, ತವರಿನ ಅಂಗಳದ ತನ್ನ ಕಡೆಯ ಪಂದ್ಯದಲ್ಲಿ, ಥಾಮ್ಸನ್ ಒಬ್ಬನೇ ಮುನ್ನುಗ್ಗಿ ಹೋಗಿ ಡಂಕ್ ಮಾಡಿಯೇಬಿಟ್ಟ. ಅಂಪೈರು ಅಂಕ ಕೊಡಲಿಲ್ಲ. ಟೆಕ್ನಿಕಲ್ ಫೌಲ್ ಕೊಟ್ಟರು. ಜನ ಮಾತ್ರ ಅದನ್ನು ಇವತ್ತಿಗೂ ಲೆಕ್ಕದಲ್ಲಿಟ್ಟುಕೊಂಡಿದ್ದಾರೆ.

ಈ ಕತೆಗಳನ್ನೆಲ್ಲ ಕೇಳಿಕೊಂಡೇ ನಾನು 1983ರ ವಸಂತಕ್ಕೆ ಬಂದದ್ದು. ಆ ವರ್ಷದ ನಮ್ಮ ತಂಡದ ಮೇಲೆ ಯಾರಿಗೂ ಅಂಥ ಭರವಸೆ ಇರಲಿಲ್ಲ. ಮುಖ್ಯ ಶೂಟರ್ ಡೆರೆಕ್ ವಿಟೆನ್‌ಬರ್ಗ್ ಋತುವಿನ ನಡುವೆ ಪಾದದ ಮೂಳೆ ಮುರಿದುಕೊಂಡಿದ್ದ. ಹತ್ತು ಪಂದ್ಯ ಸೋತಿದ್ದ ತಂಡ ರಾಷ್ಟ್ರೀಯ ಟೂರ್ನಿಗೆ ಹೋಗಬೇಕಾದರೆ ತನ್ನ ಕಾನ್ಫರೆನ್ಸ್‌ ಟೂರ್ನಿ ಗೆಲ್ಲಬೇಕಿತ್ತು. ಸೆಮಿಫೈನಲ್‌ನಲ್ಲಿ ಜೋರ್ಡಾನ್‌ನ ತಂಡವನ್ನು ಓವರ್‌ಟೈಮಿನಲ್ಲಿ, ಫೈನಲ್‌ನಲ್ಲಿ ರಾಲ್ಫ್ ಸ್ಯಾಂಪ್ಸನ್‌ನ ವರ್ಜೀನಿಯಾವನ್ನು ಸೋಲಿಸಿ ಒಳಗೆ ಹೋಯಿತು. ಅಲ್ಲಿಂದ ಮುಂದಕ್ಕೆ ಪೆಪರ್‌ಡೈನ್ ವಿರುದ್ಧ ಎರಡು ಓವರ್‌ಟೈಮ್, ಲಾಸ್ ವೇಗಸ್ ವಿರುದ್ಧ ಒಂದು ಅಂಕ, ಮತ್ತೆ ವರ್ಜೀನಿಯಾ ವಿರುದ್ಧ ಒಂದು ಅಂಕ. ಹಿಂದುಳಿದಾಗೆಲ್ಲ ಎದುರಾಳಿಗೆ ಬೇಕೆಂದೇ ಫೌಲ್ ಮಾಡಿ, ಅವರು ಫ್ರೀ ಥ್ರೋ ತಪ್ಪಿಸುವುದನ್ನು ಕಾಯುವುದು ಕೋಚ್ ಜಿಮ್ ವಲ್ವಾನೊರ ತಂತ್ರ. ಬೇರೆಯವರ ಕೈಯಿಂದ ಜಾರಿದ್ದನ್ನು ಹೆಕ್ಕಿಕೊಳ್ಳುವ ಕಲೆಯನ್ನು ಆ ಹುಡುಗರು ಕೊನೆಯ ಪಂದ್ಯಕ್ಕೂ ಮೊದಲೇ ಕರಗತ ಮಾಡಿಕೊಂಡಿದ್ದರು.

ಫೈನಲ್‌ನಲ್ಲಿ ಎದುರಾದದ್ದು ಹ್ಯೂಸ್ಟನ್. ಸತತ 26 ಪಂದ್ಯ ಗೆದ್ದ, ದೇಶದ ಮೊದಲ ಶ್ರೇಯಾಂಕದ ತಂಡ. ಡಂಕ್ ಮಾಡುವುದೇ ಅವರ ಧರ್ಮವಾಗಿದ್ದರಿಂದ 'ಫೈ ಸ್ಲಾಮಾ ಜಾಮಾ' ಎಂಬ ಅಡ್ಡಹೆಸರು ಬಿದ್ದಿತ್ತು. ಕ್ಲೈಡ್ ಡ್ರೆಕ್ಸ್‌ಲರ್ ಅಲ್ಲಿದ್ದ. ನೈಜೀರಿಯಾದ ಲಾಗೋಸ್‌ನಿಂದ ಬಂದ ಅಕೀಮ್ ಒಲಾಜುವನ್ ಅಲ್ಲಿದ್ದ. ಹದಿಹರೆಯದವರೆಗೆ ಫುಟ್‌ಬಾಲ್, ಹ್ಯಾಂಡ್‌ಬಾಲ್ ಆಡಿಕೊಂಡಿದ್ದು, ಈ ಆಟವನ್ನು ತಡವಾಗಿ ಹಿಡಿದು, ಪರದೇಶದಲ್ಲಿ ಹೆಸರು ಮಾಡುತ್ತಿದ್ದ ಆ ಹುಡುಗನ ಮೇಲೆ ನನಗೆ ಎದುರಾಳಿ ಎಂಬುದನ್ನೂ ಮೀರಿದ ಮಮತೆ ಇತ್ತು.

1983ರ ಏಪ್ರಿಲ್ 4, ಸೋಮವಾರ ರಾತ್ರಿ. ಪಂದ್ಯ ನಡೆದದ್ದು ನ್ಯೂ ಮೆಕ್ಸಿಕೊದ ಆಲ್ಬುಕರ್ಕಿಯಲ್ಲಿ, ನೆಲವನ್ನು ಅಗೆದು ಕಟ್ಟಿದ 'ದಿ ಪಿಟ್' ಎಂಬ ಅಂಗಣದಲ್ಲಿ. ನಾವು ಒಂದು ಟೀವಿಯ ಮುಂದೆ ಕೂತಲ್ಲಿ ಕೂತು, ನಿಂತಲ್ಲಿ ನಿಂತು ನೋಡುತ್ತಿದ್ದೆವು. ಮಧ್ಯಂತರಕ್ಕೆ ಸ್ಟೇಟ್ 33-25ರಲ್ಲಿ ಮುಂದಿತ್ತು. ಆಮೇಲೆ ಹ್ಯೂಸ್ಟನ್ ಮುನ್ನುಗ್ಗಿತು. ಮುಂದಾದ ಮೇಲೆ ಆಟದ ವೇಗವನ್ನು ತಾನೇ ತಗ್ಗಿಸಿತು. ಹಾರುವುದಕ್ಕೆ ಹೆಸರಾದ ತಂಡ ಹಾರುವುದನ್ನು ನಿಲ್ಲಿಸಿದ್ದೇ ನಮ್ಮವರಿಗೆ ಉಸಿರು ತಂದಿತು. ವಿಟೆನ್‌ಬರ್ಗ್, ಸಿಡ್ನಿ ಲೋ ದೂರದಿಂದ ಶಾಟ್ ಹಾಕಿ ಸಮ ಮಾಡಿದರು: 52-52. ಕೊನೆಯ ನಿಮಿಷದ ಹೊತ್ತಿಗೆ ಹ್ಯೂಸ್ಟನ್‌ನ ಮೊದಲ ವರ್ಷದ ಹುಡುಗ ಆಲ್ವಿನ್ ಫ್ರಾಂಕ್ಲಿನ್ ಫ್ರೀ ಥ್ರೋ ತಪ್ಪಿಸಿದ. ಚೆಂಡು ನಮ್ಮದಾಯಿತು. ಆ ಟೂರ್ನಿಯಲ್ಲಿ ಶಾಟ್ ಕ್ಲಾಕ್ ಇರಲಿಲ್ಲ, ಆದ್ದರಿಂದ ಕಡೆಯ ಕ್ಷಣದ ತನಕ ಚೆಂಡು ಕಾಪಾಡಿಕೊಳ್ಳುವುದೇ ಉಪಾಯ.

ಆದರೆ ಹ್ಯೂಸ್ಟನ್‌ನವರು ಎಲ್ಲ ದಾರಿ ಮುಚ್ಚಿದರು. ವಿಟೆನ್‌ಬರ್ಗ್ ಕಡೆಗೆ ಬಂದ ಪಾಸಿಗೆ ಬೆನ್ನಿ ಆಂಡರ್ಸ್ ಅಡ್ಡ ಕೈ ಹಾಕಿದ. ಅದು ಅವನ ಕೈಗೆ ಪೂರ್ತಿ ಸಿಕ್ಕಿದ್ದರೆ ಎದುರಿಗೆ ಖಾಲಿ ಅಂಗಳ, ಡಂಕ್ ಅವನದೇ, ಕಪ್ಪೂ ಅವರದೇ. ಬೆರಳಿಗೆ ತಾಗಿ ಜಾರಿದ ಚೆಂಡನ್ನು ವಿಟೆನ್‌ಬರ್ಗ್ ಹೇಗೋ ಹಿಡಿದು, ತಿರುಗಿ, ಸುಮಾರು ಮೂವತ್ತು ಅಡಿಯಿಂದ ಎಸೆದ. ಚೆಂಡು ಮೇಲೇರಿದಾಗಲೇ ಗೊತ್ತಾಯಿತು, ಅದು ರಿಂಗಿಗೆ ಮುಟ್ಟುವುದಿಲ್ಲ ಎಂದು. ಒಲಾಜುವನ್ ರಿಂಗಿನಿಂದ ಮುಂದಕ್ಕೆ ಬಂದು ನಿಂತಿದ್ದ. ಅವನ ಹಿಂದೆ ಯಾರ ಕಣ್ಣಿಗೂ ಬೀಳದೆ ನಿಂತಿದ್ದವನು ಎರಡನೆಯ ವರ್ಷದ ಹುಡುಗ, 43ನೇ ನಂಬರಿನ ಲೊರೆಂಜೊ ಚಾರ್ಲ್ಸ್. ಕುಸಿಯುತ್ತಿದ್ದ ಚೆಂಡನ್ನು ಅವನು ಎರಡೂ ಕೈಯಲ್ಲಿ ಗಾಳಿಯಲ್ಲೇ ಹಿಡಿದು, ಅಟ್ಟದ ಮೇಲೆ ಮೂಟೆ ಇಡುವವನ ಹಾಗೆ ರಿಂಗಿನೊಳಕ್ಕೆ ಇಟ್ಟುಬಿಟ್ಟ. 54-52. ಸಮಯ ಮುಗಿಯಿತು.

ವಲ್ವಾನೊ ತಬ್ಬಿಕೊಳ್ಳಲು ಯಾರಾದರೂ ಸಿಗಲೆಂದು ಅಂಗಳದ ತುಂಬ ಓಡಾಡುತ್ತಿದ್ದ ದೃಶ್ಯವನ್ನು ಅಮೆರಿಕನ್ ಟೀವಿ ಪ್ರತಿ ಮಾರ್ಚಿನಲ್ಲೂ ತೋರಿಸುತ್ತದೆ. ಅಂದು ನಾವೂ ಹಾಗೆಯೇ ಓಡಿದೆವು. ಕ್ಯಾಂಪಸ್ಸಿನ ನಡುವಿನ ಇಟ್ಟಿಗೆ ಹಾಸಿನ ಬಯಲು, ಬ್ರಿಕ್‌ಯಾರ್ಡ್, ಜನರಿಂದ ತುಂಬಿಹೋಯಿತು. ಹಿಲ್ಸ್‌ಬರೋ ರಸ್ತೆಯಲ್ಲಿ ಕಾರುಗಳ ಹಾರ್ನು ನಿಲ್ಲಲೇ ಇಲ್ಲ. ಊರಿಗೆ ಬಂದಾಗಿನಿಂದ ನನ್ನ ಉಚ್ಚಾರಣೆ ಅರ್ಥವಾಗದೆ ಎರಡೆರಡು ಸಲ ಕೇಳುತ್ತಿದ್ದ ಜನ ಅಂದು ಏನೂ ಕೇಳದೆ ಹೆಗಲ ಮೇಲೆ ಕೈ ಹಾಕಿದರು. ನಾನು ಆ ಊರಿನವನಾದದ್ದು ಆ ರಾತ್ರಿ.

ಅದೇ ವರ್ಷದ ಜೂನ್ 25ರಂದು ಲಾರ್ಡ್ಸ್‌ನಲ್ಲಿ ಭಾರತ 183 ರನ್ನಿಗೆ ಆಲೌಟಾಗಿಯೂ ವೆಸ್ಟ್ ಇಂಡೀಸನ್ನು 43 ರನ್ನಿನಿಂದ ಸೋಲಿಸಿತು. ನಮ್ಮ ರೋಜರ್ ಬಿನ್ನಿ ಆ ವಿಶ್ವಕಪ್ಪಿನಲ್ಲಿ ಎಲ್ಲರಿಗಿಂತ ಹೆಚ್ಚು, 18 ವಿಕೆಟ್ ಪಡೆದರು. ಸ್ಟಂಪಿನ ಹಿಂದೆ ನಮ್ಮ ಕಿರ್ಮಾನಿ ಇದ್ದರು. ಪಂದ್ಯ ನೋಡುವ ಭಾಗ್ಯ ನನಗಿರಲಿಲ್ಲ. ಅಪ್ಪ ಇನ್‌ಲ್ಯಾಂಡ್‌ಗಿಂತ ದುಬಾರಿಯಾದ ಏರೋಗ್ರಾಮಿನಲ್ಲಿ ಅಂಚಿನವರೆಗೂ ಅದನ್ನೇ ಬರೆದು ಕಳಿಸಿದ್ದರು. ರಿಚರ್ಡ್ಸ್ ಎತ್ತಿದ ಚೆಂಡಿನ ಹಿಂದೆ ಕಪಿಲ್ ಓಡಿ ಹಿಡಿದ ಕ್ಯಾಚಿನ ವರ್ಣನೆ ಓದುವಾಗ ನನ್ನ ಕಣ್ಣ ಮುಂದೆ ಬಂದವನು ಚಾರ್ಲ್ಸ್. ಇಬ್ಬರೂ ನೋಡಿದ್ದು ಚೆಂಡು ಬೀಳುವ ಜಾಗವನ್ನು.

ವಿಡಿಯೊ ಗೇಮಿನ ಡಂಕ್ ನಾನು ಮೊದಲು ಕಂಡದ್ದು ಗೆಳೆಯನೊಬ್ಬನ ಆ್ಯಪಲ್ ಕಂಪ್ಯೂಟರಿನಲ್ಲಿ. 1983ರಲ್ಲೇ ಬಂದ ಆ ಆಟದಲ್ಲಿ ಇದ್ದವರು ಇಬ್ಬರೇ: ಜೂಲಿಯಸ್ ಅರ್ವಿಂಗ್ ಮತ್ತು ಲ್ಯಾರಿ ಬರ್ಡ್. ಜೋರಾಗಿ ಡಂಕ್ ಮಾಡಿದರೆ ಕೆಲವೊಮ್ಮೆ ಗಾಜಿನ ಬೋರ್ಡು ಒಡೆದು ಚೂರಾಗುತ್ತಿತ್ತು. ಆಗ ಪೊರಕೆ ಹಿಡಿದ ಕೆಲಸದವನೊಬ್ಬ ಬಂದು, ಆಟಗಾರನ ಮೇಲೆ ರೇಗಿಕೊಂಡೇ ಚೂರು ಗುಡಿಸಿ ಹೋಗುತ್ತಿದ್ದ. ಇಬ್ಬರ ಹಾರಾಟದ ಹಿಂದೆ ಗುಡಿಸುವ ಮೂರನೆಯವನೊಬ್ಬ ಇದ್ದಾನೆ ಎಂದು ನೆನಪಿಟ್ಟ ಆ ಆಟ ಮಾಡಿದವರ ಮೇಲೆ ನನಗೆ ಗೌರವ ಮೂಡಿತು.

ಮಕ್ಕಳ ಕಾಲಕ್ಕೆ 'ಎನ್‌ಬಿಎ ಜ್ಯಾಮ್' ಬಂತು. ಮಿಡ್‌ವೇ ಕಂಪನಿಯ ಮಾರ್ಕ್ ಟರ್ಮೆಲ್ ಮುಂದಾಳಾಗಿ ಮಾಡಿದ ಆ ಆಟ 1993ರಲ್ಲಿ ಮಾಲುಗಳ ಆರ್ಕೇಡುಗಳಿಗೆ, 1994ರಲ್ಲಿ ಮನೆಗಳಿಗೆ ಬಂತು. ಒಂದೊಂದು ಕಡೆ ಇಬ್ಬಿಬ್ಬರೇ ಆಟಗಾರರು. ಫೌಲಿಲ್ಲ. ಆಟಗಾರ ರಿಂಗಿನ ಎರಡು ಪಟ್ಟು ಎತ್ತರಕ್ಕೆ ಏರಿ, ಗಾಳಿಯಲ್ಲಿ ಲಾಗ ಹಾಕಿ ಬಂದು ಡಂಕ್ ಮಾಡುತ್ತಿದ್ದ. ಟಿಮ್ ಕಿಟ್‌ಜ್ರೋನ ಕಂಠ 'ಬೂಮ್‌ಶಕಲಕಾ' ಎಂದು ಗುಡುಗುತ್ತಿತ್ತು. ಒಬ್ಬನೇ ಸತತ ಮೂರು ಸಲ ಹಾಕಿದರೆ ಅವನ ಕೈಯ ಚೆಂಡಿಗೆ ಬೆಂಕಿ ಹತ್ತುತ್ತಿತ್ತು. ಡೆಟ್ರಾಯಿಟ್ ಪಿಸ್ಟನ್ಸ್ ಅಭಿಮಾನಿಯಾದ ಟರ್ಮೆಲ್, ಬಿಗಿಯಾದ ಪಂದ್ಯದಲ್ಲಿ ಪಿಸ್ಟನ್ಸ್ ವಿರುದ್ಧ ಶಿಕಾಗೊ ಬುಲ್ಸ್‌ನ ಕಡೆಯ ಶಾಟ್ ತಪ್ಪುವಂತೆ ಪ್ರೋಗ್ರಾಮಿನಲ್ಲೇ ಬರೆದಿಟ್ಟಿದ್ದನ್ನು ಮುಂದೆ ತಾವೇ ಹೇಳಿಕೊಂಡರು. ಅಭಿಮಾನ ಅಷ್ಟು ಆಳಕ್ಕಿಳಿಯುತ್ತದೆ.

ನಮ್ಮ ಮಗ, ಮಗಳು ಕಾರ್ಪೆಟ್ಟಿನ ಮೇಲೆ ಕೂತು ಒಂದೇ ಕಡೆಗೆ ಆಡುತ್ತಿದ್ದರು. ತಂಡ ಹ್ಯೂಸ್ಟನ್ ರಾಕೆಟ್ಸ್. ಮಗಳಿಗೆ ಯಾವಾಗಲೂ ಒಲಾಜುವನ್ನೇ ಬೇಕು; ಆ ಹೊತ್ತಿಗೆ ಅವನು ತನ್ನ ಹೆಸರನ್ನು ಹಕೀಮ್ ಎಂದು ಬರೆಯುತ್ತಿದ್ದ. ಆ ಆಟದ ಒಂದು ವಿಶೇಷವೆಂದರೆ, ಹಿಡಿದುಕೊಂಡ ಆಟಗಾರನೇ ಕಡೆಯ ತನಕ ನಿಮ್ಮವನು. ಚೆಂಡು ಜೊತೆಗಾರನ ಕೈಗೆ ಹೋದರೆ ನೀವು ಚೆಂಡಿಲ್ಲದೆ ಓಡಬೇಕು. ಮಗ ಎಲ್ಲಿಂದಾದರೂ ಎಸೆಯುತ್ತಿದ್ದ. ಮಗಳು ರಿಂಗಿನ ಹತ್ತಿರ ಹೋಗಿ ನಿಲ್ಲುತ್ತಿದ್ದಳು. ದೊಡ್ಡ ಹುಡುಗಿ, ಅವಳೂ ಎಸೆಯಬಹುದಲ್ಲ ಎಂದು ನನ್ನ ಹೆಂಡತಿ ಕೇಳಿದರೆ, "ಅಮ್ಮ, ಅವನು ಮಿಸ್ ಮಾಡ್ತಾನೆ. ಆಗ ನಾನು ಹಾಕ್ತೀನಿ" ಎಂದಳು. ಹೇಳಿದ ಹಾಗೇ ಮಾಡುತ್ತಿದ್ದಳು. ನಮ್ಮ ಮೈಸೂರು ಕೋಚ್ ಅದನ್ನು ನೋಡಿದ್ದರೆ ಎಷ್ಟು ಸಂತೋಷಪಡುತ್ತಿದ್ದರೋ!

ಮರುವರ್ಷ ನಿಜದ ಅಂಗಳದಲ್ಲಿ ನಡೆದದ್ದನ್ನು ನಾವು ನಾಲ್ವರೂ ಒಟ್ಟಿಗೆ ನೋಡಿದೆವು. 1995ರ ಋತುವಿನ ನಡುವೆ ಡ್ರೆಕ್ಸ್‌ಲರ್ ಪೋರ್ಟ್‌ಲ್ಯಾಂಡ್ ಬಿಟ್ಟು ಹ್ಯೂಸ್ಟನ್‌ಗೆ ಬಂದು ಒಲಾಜುವನ್ ಜೊತೆ ಸೇರಿದ. 1983ರಲ್ಲಿ ಸೋತ ಇಬ್ಬರು ಗೆಳೆಯರು ಮತ್ತೆ ಒಂದೇ ತಂಡದಲ್ಲಿ. ಅಂದು ನಮ್ಮ ಸ್ಟೇಟ್ ಆರನೇ ಶ್ರೇಯಾಂಕದಿಂದ ಬಂದು ಗೆದ್ದಂತೆ, ಈಗ ಅವರ ರಾಕೆಟ್ಸ್ ಆರನೇ ಶ್ರೇಯಾಂಕದಿಂದ ಫೈನಲ್ ತಲುಪಿತ್ತು. ಒರ್ಲಾಂಡೊದಲ್ಲಿ ಮೊದಲ ಪಂದ್ಯ. ಎದುರಾಳಿಯ ನಿಕ್ ಆಂಡರ್ಸನ್ ಕೊನೆಯಲ್ಲಿ ನಾಲ್ಕು ಫ್ರೀ ಥ್ರೋ ಒಂದರ ಹಿಂದೊಂದು ತಪ್ಪಿಸಿದ. ಓವರ್‌ಟೈಮಿನ ಕಡೆಯ ಕ್ಷಣಗಳಲ್ಲಿ ಡ್ರೆಕ್ಸ್‌ಲರ್ ನುಗ್ಗಿಹೋಗಿ ಹಾಕಿದ ಚೆಂಡು ರಿಂಗಿನಿಂದಾಚೆ ಬಂತು. ಅಲ್ಲಿ ಒಲಾಜುವನ್ ಇದ್ದ. ಗಡಿಯಾರದಲ್ಲಿ 0.3 ಸೆಕೆಂಡ್ ಇರುವಾಗ ಬೆರಳಿಂದ ತಟ್ಟಿ ಒಳಕ್ಕೆ ಹಾಕಿದ, 120-118. ಅದು ಡಂಕ್ ಅಲ್ಲ. ಆದರೆ ಆಲ್ಬುಕರ್ಕಿಯ ಡಂಕ್‌ನ ಒಡಹುಟ್ಟು. ಹನ್ನೆರಡು ವರ್ಷದ ಹಿಂದೆ ಯಾವ ಬಗೆಯ ಆಟಕ್ಕೆ ಸೋತಿದ್ದನೋ ಅದೇ ಬಗೆಯ ಆಟದಿಂದ ಗೆದ್ದ. ರಾಕೆಟ್ಸ್ ನಾಲ್ಕಕ್ಕೆ ನಾಲ್ಕು ಪಂದ್ಯ ಗೆದ್ದು ಕಪ್ ಎತ್ತಿದಾಗ, ಸ್ಟೇಟ್‌ನ ಹಳೆ ವಿದ್ಯಾರ್ಥಿಯಾದ ನನಗೂ ಅದು ಸಲ್ಲಬೇಕಾದದ್ದು ಸಂದಿತು ಎನ್ನಿಸಿತು.

ಆಮೇಲೆ ನೋಡಿದ್ದರಲ್ಲಿ ಎರಡನ್ನು ಹೇಳಲೇಬೇಕು. 2000ದ ಜೂನ್ 4ರಂದು ಪಶ್ಚಿಮ ವಿಭಾಗದ ಫೈನಲ್‌ನ ಏಳನೆಯ ಪಂದ್ಯದಲ್ಲಿ ಪೋರ್ಟ್‌ಲ್ಯಾಂಡ್ ವಿರುದ್ಧ ಲೇಕರ್ಸ್ ಹದಿನೈದು ಅಂಕ ಹಿಂದಿದ್ದು ಮೇಲೆದ್ದಿತು. ಕಡೆಯ ನಿಮಿಷದಲ್ಲಿ ಕೋಬಿ ಬ್ರಯಾಂಟ್ ನುಗ್ಗಿಬಂದು, ತಾನೇ ಹಾಕುವ ಬದಲು ಚೆಂಡನ್ನು ಮೇಲಕ್ಕೆ ತೇಲಿಸಿದ. ಶಾಕಿಲ್ ಓನೀಲ್ ಒಂದೇ ಕೈಯಲ್ಲಿ ಅದನ್ನು ಹಿಡಿದು ಒಳಕ್ಕೆ ಅಪ್ಪಳಿಸಿದ. ಇಬ್ಬರ ನಡುವೆ ಸರಿಯಿಲ್ಲ ಎಂದು ಪತ್ರಿಕೆಗಳು ಬರೆಯುತ್ತಿದ್ದ ಕಾಲ ಅದು. ಅಂಗಳದ ಆ ಒಂದು ಪಾಸು ಆ ಬರಹಗಳಿಗೆಲ್ಲ ಉತ್ತರ ಕೊಟ್ಟಿತು. ಆ ವರ್ಷ ಚಾಂಪಿಯನ್‌ಶಿಪ್ ಅವರದಾಯಿತು.

ಇನ್ನೊಂದು 2021ರ ಜುಲೈ 17ರದು. ಫೈನಲ್‌ನ ಐದನೆಯ ಪಂದ್ಯ, ಫೀನಿಕ್ಸ್‌ನಲ್ಲಿ. ಮಿಲ್ವಾಕಿ ಬಕ್ಸ್ 120-119ರಲ್ಲಿ ಮುಂದೆ. ಗೆಲುವಿನ ಶಾಟಿಗೆ ನುಗ್ಗುತ್ತಿದ್ದ ಡೆವಿನ್ ಬುಕರ್‌ನ ಕೈಯಿಂದ ಜ್ರೂ ಹಾಲಿಡೇ ಚೆಂಡು ಕಿತ್ತುಕೊಂಡ. ಚೆಂಡು ಹಿಡಿದು ಸಮಯ ಕಳೆದಿದ್ದರೆ ಯಾರೂ ಆಕ್ಷೇಪಿಸುತ್ತಿರಲಿಲ್ಲ. ಆದರೆ ಯಾನಿಸ್ ಆಂಟೆಟೊಕೌಂಪೊ ಮೇಲಕ್ಕೆ ಕೈ ತೋರಿಸುತ್ತ ಓಡುತ್ತಿದ್ದ. ಹಾಲಿಡೇ ನಂಬಿ ಎಸೆದ. ಯಾನಿಸ್ ಹಾರಿ ಡಂಕ್ ಮಾಡಿದ. ಎರಡೂವರೆ ವಾರದ ಹಿಂದೆ ಮಂಡಿ ತಿರುಚಿಕೊಂಡು ಅಂಗಳದ ಮೇಲೆ ಬಿದ್ದಿದ್ದವನು ಅವನು. ಮುಂದಿನ ಪಂದ್ಯದಲ್ಲಿ ಅವನು 50 ಅಂಕ ಗಳಿಸಿ, ಮಿಲ್ವಾಕಿ ಐವತ್ತು ವರ್ಷಗಳ ಬಳಿಕ ಚಾಂಪಿಯನ್ ಆಯಿತು. ಆ ಡಂಕನ್ನು ನಾನು ಮೊಮ್ಮಗನ ಜೊತೆ ನೋಡಿದೆ. ಅವನು ಯಾನಿಸ್ ಹೆಸರು ಕೂಗುತ್ತಿದ್ದ. ನಾನು ಹಾಲಿಡೇ ಹೆಸರು ಕೂಗುತ್ತಿದ್ದೆ.

ಆ ಮೊಮ್ಮಗ ಈಗ 'ಎನ್‌ಬಿಎ 2ಕೆ' ಆಡುತ್ತಾನೆ. ಅದರ 2ಕೆ23ರಲ್ಲಿ ಜೋರ್ಡಾನ್‌ನ ಹಳೆಯ ಪಂದ್ಯಗಳನ್ನು ಮತ್ತೆ ಆಡಬಹುದು. 1982ರ ಕಾಲೇಜು ಫೈನಲ್ ಕೂಡ ಅದರಲ್ಲಿದೆ. ಬೆವರು, ಜೆರ್ಸಿಯ ಮಡಿಕೆ, ಎಲ್ಲವೂ ನಿಜದಂತೆ. ಆದರೆ ಸಾಮಾನ್ಯವಾಗಿ ಅಲ್ಲಿ ಚೆಂಡು ಯಾರ ಕೈಗೆ ಹೋಗುತ್ತದೋ ಆಡುವವನೂ ಅವನೇ ಆಗಿಬಿಡುತ್ತಾನೆ. ಚೆಂಡಿನ ಜೊತೆಗೇ ಗಮನ ಓಡುತ್ತದೆ. "ತಾತ, ನಿಮ್ಮ ಲೊರೆಂಜೊ ಚಾರ್ಲ್ಸ್ ಇದರಲ್ಲಿ ಯಾಕಿಲ್ಲ?" ಎಂದು ಅವನು ಕೇಳಿದಾಗ ನಾನು ಆ ಮನುಷ್ಯನ ಮುಂದಿನ ಕತೆ ಹೇಳಿದೆ. ಚಾರ್ಲ್ಸ್ ಎನ್‌ಬಿಎಯಲ್ಲಿ ಆಡಿದ್ದು ಒಂದೇ ಋತು. ಆಮೇಲೆ ಹೊರದೇಶಗಳಲ್ಲಿ ಆಡಿ, ಊರಿಗೆ ಮರಳಿ ಬಸ್ ಓಡಿಸುತ್ತಿದ್ದ. 2011ರ ಜೂನ್ 27ರಂದು ರಾಲಿಯ ಹೆದ್ದಾರಿಯಲ್ಲಿ, ಪ್ರಯಾಣಿಕರಿಲ್ಲದ ಬಸ್ಸು ಅಪಘಾತಕ್ಕೀಡಾಗಿ ತೀರಿಕೊಂಡ. ವಯಸ್ಸು 47. ಕೋಚ್ ವಲ್ವಾನೊ 1993ರಲ್ಲೇ ಕ್ಯಾನ್ಸರಿನಿಂದ ಹೋಗಿದ್ದರು; ಅವರ ಹೆಸರಿನ ಪ್ರತಿಷ್ಠಾನ ಇವತ್ತಿಗೂ ಕ್ಯಾನ್ಸರ್ ಸಂಶೋಧನೆಗೆ ಹಣ ಒದಗಿಸುತ್ತಿದೆ. ಅವರು ಎಸೆದ ಚೆಂಡನ್ನು ಬೇರೆಯವರು ಹಿಡಿದಿದ್ದಾರೆ.

ನನ್ನ ಬದುಕಿನಲ್ಲೂ ನನ್ನ ಎಸೆತ ರಿಂಗಿಗೆ ಮುಟ್ಟದ ವರ್ಷಗಳಿದ್ದವು. ಕೆಲಸ ಹೋದಾಗ ಹೆಂಡತಿಯ ಸಂಬಳದಲ್ಲಿ ಮನೆ ನಡೆಯಿತು, ಮಕ್ಕಳ ಫೀಸು ಕಟ್ಟಿಯಾಯಿತು. ನಾನು ಮತ್ತೆ ನಿಂತೆನೆಂದು ನೆಂಟರು ನನ್ನನ್ನು ಹೊಗಳಿದರು. ನಿಲ್ಲಿಸಿದವಳು ಅವಳು ಎಂಬುದು ನನಗೆ ಗೊತ್ತು. ಅದನ್ನು ಇಲ್ಲಿ ಬರೆದಿಡಬೇಕು ಎನ್ನಿಸಿತು.

ಚಾಂಪಿಯನ್‌ಶಿಪ್‌ನ ಡಂಕ್‌ಗಳಲ್ಲಿ ನನಗೆ ಉಳಿದವೆಲ್ಲ ಹೀಗೆ ಇಬ್ಬರ ಡಂಕ್‌ಗಳು. ಒಬ್ಬ ಎಸೆದ, ತಪ್ಪಿಸಿದ ಅಥವಾ ಬಿಟ್ಟುಕೊಟ್ಟ, ಇನ್ನೊಬ್ಬ ಅಲ್ಲಿದ್ದ. ಮುಂದಿನ ಫೈನಲ್ ನೋಡುವ ಕಿರಿಯರಿಗೆ, ಅದು ಅಂಗಳದ್ದಾಗಲಿ ಪರದೆಯ ಮೇಲಿನದಾಗಲಿ, ನನ್ನದು ಒಂದೇ ಮಾತು: ಒಂದಷ್ಟು ಹೊತ್ತು ಚೆಂಡನ್ನು ಬಿಟ್ಟು ಉಳಿದ ನಾಲ್ವರನ್ನು ನೋಡಿ. ಯಾರು ಜಾಗ ಹಿಡಿಯುತ್ತಿದ್ದಾರೆ, ಯಾರು ಓಡುತ್ತಿದ್ದಾರೆ, ಯಾರು ಸುಮ್ಮನೆ ನಿಂತಿದ್ದಾರೆ ಎಂದು ಗಮನಿಸಿ. ಪಂದ್ಯವನ್ನು ಯಾರು ಗೆಲ್ಲಿಸುತ್ತಾರೆ ಎಂಬುದು ಬಹಳ ಸಲ ಅಲ್ಲೇ ಮೊದಲು ಕಾಣುತ್ತದೆ.